ಸಂಬಳದ ಬಾಕಿಯೂ ಸ್ಮರಣಪತ್ರವೂ

ದೇವರು ಕೊಟ್ಟರೂ ಪೂಜಾರಿ ಕೊಡ ಎಂಬ ಗಾದೆಯನ್ನು ವಿವರಿಸುವ ಉಪಾಧ್ಯಾಯನು ಉದಾಹರಣೆಗಾಗಿ ಗುಡಿಯವರೆಗೆ ಹೋಗಬೇಕಾಗಿಲ್ಲ. ದಾವಣಗೆರೆಯಲ್ಲಾಗಲಿ ಹರಿಹರದಲ್ಲಾಗಲಿ ಸರ್ಕಾರಿ ಶಾಲೆಯೊಂದರ ಅಧ್ಯಾಪಕರ ಕೊಠಡಿಯಲ್ಲಿ ಅರ್ಧ ಗಂಟೆ ಕುಳಿತರೆ ಸಾಕು. ಬಡ್ತಿಯ ಆದೇಶ ಬಂದಿದೆ, ವೇತನ ನಿಗದಿಯಾಗಿಲ್ಲ. ನಿಗದಿಯಾಗಿದೆ, ಸೇವಾಪುಸ್ತಕ ಮರಳಿಲ್ಲ. ಅದೂ ಮರಳಿದೆ, ಅನುದಾನವಿಲ್ಲ. ಸರ್ಕಾರ ಕೊಟ್ಟದ್ದು ಮೇಜಿನಿಂದ ಮೇಜಿಗೆ ನಡೆಯುತ್ತಲೇ ಇರುತ್ತದೆ.

ಇದಕ್ಕೆ ಮದ್ದಿಲ್ಲವೆಂದಲ್ಲ. 1985ರ ಕಾಯಿದೆಯ ಮೇರೆಗೆ 1986ರಲ್ಲಿ ಸ್ಥಾಪಿತವಾದ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಯು ರಾಜ್ಯ ಸರ್ಕಾರಿ ನೌಕರರ ಸೇವಾ ವ್ಯಾಜ್ಯಗಳನ್ನು ವಿಚಾರಿಸುತ್ತದೆ. ಊರಿನ ಸಿವಿಲ್ ನ್ಯಾಯಾಲಯಕ್ಕೆ ಈ ಅಧಿಕಾರವಿಲ್ಲ. ಮಂಡಳಿಯ ಪೀಠಗಳೋ ಬೆಂಗಳೂರು, ಬೆಳಗಾವಿ, ಕಲಬುರಗಿಗಳಲ್ಲಿವೆ. ಅಲ್ಲಿಯ ತೀರ್ಪು ಒಪ್ಪಿಗೆಯಾಗದಿದ್ದರೆ ಉಚ್ಚ ನ್ಯಾಯಾಲಯಕ್ಕೆ ಹೋಗಬಹುದೆಂದು 1997ರಲ್ಲಿ ಸರ್ವೋಚ್ಚ ನ್ಯಾಯಾಲಯವು ಚಂದ್ರಕುಮಾರ್ ಮೊಕದ್ದಮೆಯಲ್ಲಿ ನಿರ್ಣಯಿಸಿತು.

ಆದರೆ ನಮ್ಮವರ ನಂಬಿಕೆಯೆಲ್ಲ ಸ್ಮರಣಪತ್ರದ ಮೇಲೆ. ಕನ್ನಡ ಅಧ್ಯಾಪಕನೆಂಬ ಕಾರಣಕ್ಕೆ ಇಂಥ ಪತ್ರಗಳನ್ನು ತಿದ್ದುವ ಕೆಲಸ ನನ್ನ ಪಾಲಿಗೂ ಬರುತ್ತದೆ. ‘ಕೃಪೆಯಿಟ್ಟು’, ‘ದಯಮಾಡಿ’ ಎಂಬ ಮಾತುಗಳನ್ನು ನಾನು ಹೊಡೆದುಹಾಕುತ್ತೇನೆ. ಅವರು ಮತ್ತೆ ಸೇರಿಸುತ್ತಾರೆ. ಇದು ಬರಿಯ ವಿನಯವಲ್ಲ. ಸಂಬಳವನ್ನು ದಾನವೆಂದು ಬಗೆಯುವ ಹಳೆಯ ಅಭ್ಯಾಸ. ಕೋವಿಡ್ ಕಾಲದಲ್ಲಿ, 2020ರ ಮಾರ್ಚ್, ಏಪ್ರಿಲ್ ತಿಂಗಳುಗಳ ಸಂಬಳದ ಒಂದು ಭಾಗವನ್ನು ಆಂಧ್ರ ಸರ್ಕಾರ ತಡೆಹಿಡಿದಾಗ ನಿವೃತ್ತ ಜಿಲ್ಲಾ ನ್ಯಾಯಾಧೀಶೆಯೊಬ್ಬರು ಮೊಕದ್ದಮೆ ಹೂಡಿದರು. ಮಾಡಿದ ಸೇವೆಗೆ ಸಂಬಳವು ನೌಕರನ ನ್ಯಾಯವಾದ ಹಕ್ಕೆಂದು 2021ರಲ್ಲಿ ಸರ್ವೋಚ್ಚ ನ್ಯಾಯಾಲಯ ಸಾರಿ, ತಡಕ್ಕಾಗಿ ಶೇ. 6ರ ಬಡ್ಡಿ ಕೊಡಿಸಿತು. ಅಲ್ಲಿಯ ಉಚ್ಚ ನ್ಯಾಯಾಲಯ ಹೇಳಿದ್ದು ಶೇ. 12.

ಸ್ಮರಣಪತ್ರದಿಂದ ಬರುವ ಕೇಡು ಇನ್ನೊಂದಿದೆ. ಮನವಿ ಸಲ್ಲಿಸಿ ಆರು ತಿಂಗಳು ಕಳೆದರೂ ಉತ್ತರವಿಲ್ಲದಿದ್ದರೆ, ಅಲ್ಲಿಂದ ಒಂದು ವರ್ಷದೊಳಗೆ ಮಂಡಳಿಗೆ ಅರ್ಜಿ ಹಾಕಬೇಕು. ಮೇಲಿಂದ ಮೇಲೆ ಮನವಿ ಬರೆದ ಮಾತ್ರಕ್ಕೆ ಈ ಅವಧಿ ಬೆಳೆಯದೆಂದು 1989ರ ರಾಥೋರ್ ಮೊಕದ್ದಮೆಯಲ್ಲಿಯೇ ಸ್ಪಷ್ಟವಾಗಿದೆ. ತಪ್ಪಾದ ಸಂಬಳ ತಿಂಗಳು ತಿಂಗಳೂ ಬರುತ್ತಿದ್ದರೆ ಅದು ಮುಂದುವರಿಯುವ ಅನ್ಯಾಯವೆಂದು ನ್ಯಾಯಾಲಯಗಳು ಬಾಗಿಲು ತೆರೆಯುವುದುಂಟು. ಆದರೆ ಹಿಂಬಾಕಿ ಸಾಮಾನ್ಯವಾಗಿ ಮೂರು ವರ್ಷದ್ದು ಮಾತ್ರ. ಹತ್ತು ವರ್ಷ ತಾಳ್ಮೆಯಿಂದ ಕಾದವನು ಏಳು ವರ್ಷದ ಬಾಕಿಯನ್ನು ಕಳೆದುಕೊಳ್ಳುತ್ತಾನೆ!

ಬಡ್ಡಿಯ ವಿಷಯದಲ್ಲಿ ನನಗೊಂದು ಆಕ್ಷೇಪವಿದೆ. ಅದನ್ನು ತೆರುವುದು ಖಜಾನೆ, ಎಂದರೆ ಹರಿಹರದ ರೈತನೂ ದಾವಣಗೆರೆಯ ಹಮಾಲಿಯೂ ಕೊಟ್ಟ ತೆರಿಗೆ. ಕಡತದ ಮೇಲೆ ಕುಳಿತವನಿಗೆ ಒಂದು ಕಾಸಿನ ನಷ್ಟವಿಲ್ಲ. ತಡಕ್ಕೆ ಕಾರಣನಾದ ಅಧಿಕಾರಿಯಿಂದಲೇ ಅದನ್ನು ವಸೂಲು ಮಾಡುವುದು ವಾಡಿಕೆಯಾದರೆ ಎಷ್ಟೋ ಮೊಕದ್ದಮೆಗಳು ಹುಟ್ಟಲಾರವು. ಅಲ್ಲಿಯವರೆಗೆ, ಮೊದಲ ಮನವಿಯ ಪ್ರತಿಯ ಮೇಲೆ ಸ್ವೀಕೃತಿಯ ಮುದ್ರೆಯೂ ದಿನಾಂಕವೂ ಬೀಳದೆ ಕಚೇರಿಯ ಹೊಸ್ತಿಲು ದಾಟಬೇಡಿರೆಂದು, ಪತ್ರ ತಿದ್ದಿಸಲು ಬಂದವರಿಗೆ ನಾನು ಹೇಳುತ್ತಿದ್ದೇನೆ.