ಲೋಕವಿಚಾರ: ಸಸಿಮಡಿಯೂ ಗದ್ದೆಯೂ

ಬತ್ತವನ್ನು ಮೊದಲು ಸಸಿಮಡಿಯಲ್ಲಿ ಬೆಳೆಸಿ, ಬಳಿಕ ಕಿತ್ತು ಗದ್ದೆಯಲ್ಲಿ ನಾಟಿಮಾಡುವ ಕ್ರಮವನ್ನು ವಾಚಕರು ಬಲ್ಲರು. ಹೊಸ ಉದ್ಯಮಗಳಿಗೂ ಈಗ ಇಂತಹ ಸಸಿಮಡಿಗಳು ಏರ್ಪಟ್ಟಿವೆ. ಅವುಗಳಿಗೆ ಇನ್‌ಕ್ಯುಬೇಟರ್ ಎಂದು ಹೆಸರು. ಕೆಲವೇ ತಿಂಗಳುಗಳಲ್ಲಿ ತ್ವರೆಯಾಗಿ ಸಿದ್ಧಗೊಳಿಸಿ ಕಳುಹಿಸುವಂಥವನ್ನು ಆಕ್ಸಿಲರೇಟರ್ ಎನ್ನುವರು. ಜೀನೋಮ್ ವಿದ್ಯೆಯನ್ನು ಅವಲಂಬಿಸಿದ ಉದ್ಯಮಗಳಿಗಂತೂ ಇವುಗಳ ಆಶ್ರಯವು ಅತ್ಯಾವಶ್ಯಕವಾಗಿದೆ.

ಇದಕ್ಕೆ ಕಾರಣವುಂಟು. ಮನುಷ್ಯನ ಜೀನೋಮ್ ಎಂಬುದು ಸುಮಾರು 300 ಕೋಟಿ ಅಕ್ಷರಗಳ ಡಿ.ಎನ್.ಎ. ಬರಹ. 1990ರಲ್ಲಿ ಆರಂಭವಾಗಿ 2003ರಲ್ಲಿ ಮುಗಿದ ಅಂತಾರಾಷ್ಟ್ರೀಯ ಯೋಜನೆಯು ಅದನ್ನು ಬಹುಮಟ್ಟಿಗೆ ಓದಿತು. ಇಂದು ಅದೇ ಕೆಲಸವನ್ನು ಯಂತ್ರಗಳು ಕೆಲವು ದಿನಗಳಲ್ಲಿ ಮಾಡುತ್ತವೆ. ಆದರೆ ದೊಡ್ಡ ಯಂತ್ರದ ಬೆಲೆ ಕೋಟಿಗಳ ಲೆಕ್ಕದ್ದು. ಅದಕ್ಕೆ ಬೇಕಾದ ರಾಸಾಯನಿಕಗಳೂ ದುಬಾರಿ. ಮಕ್ಕಳ ಆನುವಂಶಿಕ ರೋಗವನ್ನು ಪತ್ತೆಮಾಡುವ ಪರೀಕ್ಷೆಯೊಂದನ್ನು ಯೋಚಿಸಿದ ತರುಣ ವಿಜ್ಞಾನಿಯು ಇದನ್ನೆಲ್ಲ ಕೊಳ್ಳುವುದೆಂತು? ಪರೀಕ್ಷೆಯು ನಂಬಲರ್ಹವೆಂದು ಸಿದ್ಧವಾಗುವವರೆಗೆ ಹಣವುಳ್ಳವರು ಕೈಯಿಡಲು ಹಿಂಜರಿಯುವರು.

ಬೆಂಗಳೂರಿನ ಜಿ.ಕೆ.ವಿ.ಕೆ. ಆವರಣದಲ್ಲಿ 2009ರಲ್ಲಿ ಸ್ಥಾಪಿತವಾದ ಸಿ-ಕ್ಯಾಂಪ್ ಸಂಸ್ಥೆಯು ಇಂತಹವರಿಗೆ ಪ್ರಯೋಗಶಾಲೆ, ಉಪಕರಣ, ಅನುಭವಿಗಳ ಸಲಹೆ ಇವುಗಳನ್ನು ಒದಗಿಸುತ್ತ ಬಂದಿದೆ. 2012ರಲ್ಲಿ ಕೇಂದ್ರ ಸರ್ಕಾರವು ಸ್ಥಾಪಿಸಿದ ಬೈರಾಕ್ ಸಂಸ್ಥೆಯು, ಆಯ್ದ ಹೊಸ ಕಲ್ಪನೆಗಳನ್ನು ಪರೀಕ್ಷಿಸಿ ನೋಡಲು 18 ತಿಂಗಳ ಅವಧಿಗೆ 50 ಲಕ್ಷ ರೂಪಾಯಿಗಳವರೆಗೆ ಸಹಾಯಧನದ ಏರ್ಪಾಡು ಮಾಡಿತು.

ಅಮೆರಿಕದಲ್ಲಿ ಬೇರೊಂದು ರೀತಿಯನ್ನು ಕಾಣುತ್ತೇವೆ. ಡಿ.ಎನ್.ಎ. ಓದುವ ಯಂತ್ರಗಳನ್ನು ತಯಾರಿಸುವ ಇಲ್ಯುಮಿನಾ ಕಂಪನಿಯೇ 2014ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಆಕ್ಸಿಲರೇಟರೊಂದನ್ನು ತೆರೆದು, ಆರು ತಿಂಗಳ ಸರದಿಗಳಲ್ಲಿ ಹೊಸ ಕಂಪನಿಗಳಿಗೆ ಯಂತ್ರ, ರಾಸಾಯನಿಕ, ಸ್ಥಳಗಳನ್ನು ಒದಗಿಸಿತು. ಇದು ಬರಿಯ ದಾನವಲ್ಲ. ಇಂದು ಆಶ್ರಯ ಪಡೆದವನು ನಾಳೆ ಅದೇ ಯಂತ್ರದ ಗಿರಾಕಿಯಾಗಬಹುದು. ಅದರಲ್ಲಿ ದೋಷವೇನೂ ಇಲ್ಲ. ಆದರೆ ಒಂದೇ ಯಂತ್ರಕ್ಕೆ ಕೈಯೊಗ್ಗಿದ ಮೇಲೆ ಬೇರೊಂದಕ್ಕೆ ತಿರುಗುವುದು ಸುಲಭವಲ್ಲವೆಂಬುದನ್ನು ಉದ್ಯಮಿಯು ಮೊದಲೇ ಅರಿತಿರಬೇಕು.

ಗೃಹಸ್ಥರಿಗೆ ಈ ವಿಚಾರವೇಕೆ ಎಂದರೆ, ಸರ್ಕಾರದ ಸಸಿಮಡಿಗೆ ಹರಿಯುವ ನೀರು ನಮ್ಮ ತೆರಿಗೆಯದು. ಮಡಿಯಲ್ಲಿಯೇ ಬಲಿತ ಸಸಿಯು ಗದ್ದೆಯಲ್ಲಿ ಚೆನ್ನಾಗಿ ತೆಂಡೆಯೊಡೆಯದು. ಆದುದರಿಂದ ಎಷ್ಟು ಕಂಪನಿಗಳು ಒಳಹೊಕ್ಕವೆಂಬುದಕ್ಕಿಂತ, ಎಷ್ಟು ಹೊರಬಂದು ಸ್ವಂತ ಕಾಲಿನ ಮೇಲೆ ನಿಂತವು, ಅವುಗಳ ಪರೀಕ್ಷೆಯು ಜಿಲ್ಲೆಯ ಆಸ್ಪತ್ರೆಯಲ್ಲಿ ಬಡವನ ಮಗುವಿಗೂ ದೊರೆಯಿತೇ ಎಂಬ ಲೆಕ್ಕವನ್ನು ನಾವು ಕೇಳುವುದು ಯುಕ್ತವಾಗಿದೆ.