ಬಸಿರಿಗೂ ಬಿಟ್ಟಿ ಚಾಕರಿನಾ?

ಮೊನ್ನೆ ಟಿವಿಯಲ್ಲಿ ಬಾಡಿಗೆ ತಾಯ್ತನದ ಸುದ್ದಿ ಬರ್ತಿತ್ತು. ಪಕ್ಕದಲ್ಲಿ ಸೊಪ್ಪು ಸೋಸ್ತಾ ಕೂತಿದ್ದ ನಮ್ಮ ಕೇರಿಯ ಅಕ್ಕ ಸುಮ್ಮನೆ ಎದ್ದು ಹೋದಳು.

ಹನ್ನೆರಡು ವರ್ಷದ ಹಿಂದೆ ಸಂಘದ ಸಾಲ ತೀರಿಸೋಕೆ ಬೆಂಗಳೂರಿಗೆ ಹೋಗಿ, ಯಾರದೋ ಮಗು ಹೆತ್ತುಕೊಟ್ಟು ಬಂದವಳು ಆಕೆ. ಊರಿಗೆ ಹೇಳಿದ್ದು ಗಾರ್ಮೆಂಟ್ಸ್ ಕೆಲಸ ಅಂತ. ನಮ್ಮೂರ ಗುಡಿಯೊಳಕ್ಕೆ ಬಿಡದ ಜಾತಿ ಅವಳದು. ಅಲ್ಲಿ ಮಾತ್ರ ಯಾರೂ ಜಾತಿ ಕೇಳಲಿಲ್ಲ, ರಕ್ತದ ರಿಪೋರ್ಟ್ ಕೇಳಿದ್ರು.

"ದುಡ್ಡು ಕೊಟ್ರು ಕಣಮ್ಮಿ, ಸುಳ್ಳು ಹೇಳಲ್ಲ. ಸಾಲ ತೀರ್ತು. ಆದ್ರೆ ಮಗು ಗಂಡೋ ಹೆಣ್ಣೋ ಅಂತಾನೂ ಹೇಳ್ನಿಲ್ಲ. ಊರಿಗೆ ಬಂದ್ಮೇಲೂ ಎದೇಲಿ ಹಾಲು. ಬಟ್ಟೆ ಬಿಗಿದು ಕಟ್ಕೊಂಡು ಕಳೆ ಕೀಳಕ್ಕೆ ಹೋಯ್ತಿದ್ದೆ."

ಅಂಡಾಣು ಅವಳದಲ್ಲ, ಮತ್ಯಾಕೆ ನೋವು ಅಂತ ಕೇಳೋರಿದ್ದಾರೆ. ಎದೆಹಾಲಿಗೆ ಆ ಲೆಕ್ಕ ಗೊತ್ತಿಲ್ಲ ಸ್ವಾಮಿ.

2021ರ ಕಾಯ್ದೆ ದುಡ್ಡಿನ ಬಾಡಿಗೆ ತಾಯ್ತನವನ್ನ ನಿಷೇಧಿಸಿತು. ಈಗ ಪರೋಪಕಾರಕ್ಕೆ ಮಾತ್ರ ಅವಕಾಶ. ಮದುವೆಯಾಗಿ ಸ್ವಂತ ಮಗು ಇರುವ, 25ರಿಂದ 35 ವರ್ಷದೊಳಗಿನ ಹೆಣ್ಣು ಜೀವನದಲ್ಲಿ ಒಂದೇ ಸಲ ಹೆತ್ತುಕೊಡಬಹುದು. ಆಕೆಗೆ ಸಿಗೋದು ವೈದ್ಯಕೀಯ ಖರ್ಚು, ನಿಗದಿಯಾದ ಇತರೆ ಖರ್ಚು, 36 ತಿಂಗಳ ವಿಮೆ. ಕೂಲಿ ಅನ್ನೋ ಮಾತೇ ಇಲ್ಲ.

ಹಳೇ ದಂಧೆ ವಾಪಸ್ ಬರಲಿ ಅಂತ ನಾನು ಹೇಳ್ತಿಲ್ಲ. ಮಧ್ಯವರ್ತಿಗಳು ನಮ್ಮ ಕೇರಿಗಳನ್ನೇ ಹುಡುಕಿಕೊಂಡು ಬಂದದ್ದನ್ನ ಕಣ್ಣಾರೆ ಕಂಡಿದ್ದೀನಿ. ಮಕ್ಕಳಿಲ್ಲದವರ ಸಂಕಟವನ್ನೂ ಹಂಗಿಸಲ್ಲ. ಆದರೆ ಡಾಕ್ಟರಿಗೆ ಫೀಸು, ಲ್ಯಾಬಿಗೆ ಫೀಸು, ವಕೀಲರಿಗೆ ಫೀಸು. ಹೊತ್ತು ಹೆತ್ತವಳಿಗೆ ಮಾತ್ರ 'ತ್ಯಾಗಮಯಿ' ಅನ್ನೋ ಬಿರುದು! ತಲೆಮಾರುಗಳಿಂದ ಬಿಟ್ಟಿ ಚಾಕರಿ ಮಾಡಿದ ನಮಗೆ ಈ ಹೊಗಳಿಕೆಯ ಬೆಲೆ ಚೆನ್ನಾಗಿ ಗೊತ್ತು.

1928ರಲ್ಲೇ ಬಾಬಾಸಾಹೇಬರು ಮುಂಬೈ ಶಾಸನ ಪರಿಷತ್ತಿನಲ್ಲಿ ಹೆರಿಗೆ ಸೌಲಭ್ಯ ಮಸೂದೆ ಬೆಂಬಲಿಸಿ ಮಾತಾಡಿದ್ದರು. ಹೆರಿಗೆಗೆ ಮುಂಚೆಯೂ ಆಮೇಲೂ ತಾಯಿಗೆ ವಿಶ್ರಾಂತಿ ಬೇಕು, ಆ ಹೊರೆಯನ್ನ ಸರ್ಕಾರವೂ ಆಕೆಯ ದುಡಿಮೆಯಿಂದ ಲಾಭ ಪಡೆಯೋ ಮಾಲೀಕನೂ ಹೊರಬೇಕು ಅನ್ನೋದು ಅವರ ವಾದ. ಬಸಿರು ಹೆಣ್ಣಿನ ಸ್ವಂತ ತಾಪತ್ರಯ ಅಂತ ಅವರು ಕೈತೊಳೆದುಕೊಳ್ಳಲಿಲ್ಲ.

ನಾನು ಕೇಳೋದೂ ಅಷ್ಟೇ. ಕಳೆದುಹೋದ ತಿಂಗಳುಗಳ ಕೂಲಿಯನ್ನ ಸರ್ಕಾರದ ಮೂಲಕವೇ ಆಕೆಯ ಖಾತೆಗೆ ಕೊಡಿ. ಆಸ್ಪತ್ರೆಗೆ ಸಂಬಂಧವಿಲ್ಲದ ಆಪ್ತ ಸಮಾಲೋಚಕರನ್ನ ಹೆರಿಗೆಯಾದ ಮೇಲೂ ಕಳಿಸಿ. ಆಕೆ ಬಯಸಿದರೆ ಮಗುವಿನ ಮುಖ ಒಂದು ಸಲ ತೋರಿಸಿ.

ಎಲ್ಲೋ ಇರೋ ಆ ಮಗುವಿಗೆ ಈ ಶ್ರಾವಣಕ್ಕೆ ಹನ್ನೆರಡು ತುಂಬುತ್ತೆ. ನಾನು ಹೇಳ್ತಿರೋ ಲೆಕ್ಕ ಅಲ್ಲ, ಅಕ್ಕ ಇಟ್ಟಿರೋ ಲೆಕ್ಕ.

ಜೈ ಭೀಮ್.