ಕಾಯಕದ ಫಲಕ್ಕೆ ಕತ್ತರಿ ಹಾಕುವವರು



ನಮ್ಮ ವೇದಿಕೆಗಳಲ್ಲಿ ಕಾಯಕದ ಮಾತಿಗೆ ಬರವಿಲ್ಲ. ಬಸವ ಜಯಂತಿಯ ದಿನ ಶಾಲೆಯ ಅಂಗಳದಲ್ಲಿ ಕಾಯಕ, ದಾಸೋಹಗಳ ಬಗ್ಗೆ ಗಂಟೆಗಟ್ಟಲೆ ಭಾಷಣ ನಡೆಯುತ್ತದೆ. ಅಂಥದೇ ಶಾಲೆಯ ಕಚೇರಿಯಲ್ಲಿ ಫಲಿತಾಂಶ ಕುಸಿಯಿತೆಂದು ಶಿಕ್ಷಕಿಯ ವಾರ್ಷಿಕ ವೇತನ ಬಡ್ತಿ ನಿಲ್ಲುತ್ತದೆ. ಎದುರು ಮಾತಾಡಿದನೆಂದು ಗುಮಾಸ್ತನ ಸಂಬಳ ಕಡಿತವಾಗುತ್ತದೆ. ನೋಟಿಸಿಲ್ಲ, ವಿಚಾರಣೆಯಿಲ್ಲ. ಕೇಳಿದರೆ, ‘ಇದು ಸೇವಾ ಸಂಸ್ಥೆ, ಮಠದ ಮೇಲೆ ಕೋರ್ಟಿಗೆ ಹೋಗುವುದು ಗುರುದ್ರೋಹ’ ಎಂಬ ಉತ್ತರ. ಎಲ್ಲ ಸಂಸ್ಥೆಗಳೂ ಹೀಗಿಲ್ಲ ನಿಜ. ಆದರೆ ಈ ಉತ್ತರ ಎಲ್ಲಿ ಕೇಳಿಬಂದರೂ ನಾವು ಒಪ್ಪಬಾರದು.

ಸಾವಿರ ರೂಪಾಯಿಯ ಒಂದು ಬಡ್ತಿ ತಾನೇ ಎನ್ನುವವರು ಲೆಕ್ಕ ಹಾಕಲಿ. ಅದನ್ನು ಸಂಚಿತ ಪರಿಣಾಮದೊಂದಿಗೆ, ಅಂದರೆ ಮುಂದೆಂದೂ ಸಂಬಳಕ್ಕೆ ಸೇರದಂತೆ ತಡೆದರೆ ವರ್ಷಕ್ಕೆ 12,000 ರೂಪಾಯಿ ಹೋಯಿತು. 20 ವರ್ಷದ ಸೇವೆ ಉಳಿದವರಿಗೆ 2,40,000 ರೂಪಾಯಿ. ತುಟ್ಟಿಭತ್ಯೆ, ಗ್ರಾಚ್ಯುಯಿಟಿಯ ನಷ್ಟ ಬೇರೆ. ಆದ್ದರಿಂದಲೇ 1990ರಲ್ಲಿ ಪಂಜಾಬಿನ ಸರ್ಕಾರಿ ನೌಕರರೊಬ್ಬರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇಂಥ ತಡೆಯನ್ನು ಲಘು ಶಿಕ್ಷೆಯೆಂದು ಒಪ್ಪಲಿಲ್ಲ. ವಿಧಿವತ್ತಾದ ವಿಚಾರಣೆಯಿಲ್ಲದೆ ಅದನ್ನು ವಿಧಿಸುವಂತಿಲ್ಲ ಎಂದಿತು.

ಖಾಸಗಿ ಶಾಲೆಯವರ ಪಾಡು ಇನ್ನೂ ಕಷ್ಟ. ಶಿಕ್ಷಕರು ಕೈಗಾರಿಕಾ ವಿವಾದ ಕಾಯ್ದೆಯ ಅರ್ಥದಲ್ಲಿ ಕಾರ್ಮಿಕರಲ್ಲ ಎಂದು 1988ರಲ್ಲೇ ತೀರ್ಪಾಗಿ, ಕಾರ್ಮಿಕ ನ್ಯಾಯಾಲಯದ ಬಾಗಿಲು ಅವರಿಗೆ ಮುಚ್ಚಿತು. ಕರ್ನಾಟಕ ಶಿಕ್ಷಣ ಕಾಯ್ದೆ, 1983ರ 92ನೇ ಕಲಂ ವಿಚಾರಣೆಯಿಲ್ಲದೆ ವಜಾ ಮಾಡುವುದು, ಕೆಲಸದಿಂದ ತೆಗೆಯುವುದು, ದರ್ಜೆ ಇಳಿಸುವುದು ಕೂಡದು ಎನ್ನುತ್ತದೆ. 94ನೇ ಕಲಂ ಮೂರು ತಿಂಗಳೊಳಗೆ ಶೈಕ್ಷಣಿಕ ಮೇಲ್ಮನವಿ ನ್ಯಾಯಾಧಿಕರಣಕ್ಕೆ ಹೋಗಲು ಅವಕಾಶ ಕೊಡುತ್ತದೆ. ಆದರೆ ಅದು ಹೆಸರಿಸುವುದೂ ಈ ಮೂರು ಶಿಕ್ಷೆಗಳನ್ನೇ. ಕೆಲಸದಲ್ಲಿ ಇಟ್ಟುಕೊಂಡೇ ಸಂಬಳ ಹಿಂಡಿದರೆ ಯಾವ ಬಾಗಿಲು ತಟ್ಟಬೇಕೆಂಬುದೇ ಮೊದಲ ವ್ಯಾಜ್ಯವಾಗುತ್ತದೆ.

ಸಂಬಳಕ್ಕೆ ಕೈ ಹಾಕುವುದು ಎಲ್ಲಿಗೆ ಮುಟ್ಟುತ್ತದೆ ನೋಡಿ. ಮಹಾರಾಷ್ಟ್ರದಲ್ಲಿ ಟ್ರಸ್ಟೊಂದು ನಡೆಸುತ್ತಿದ್ದ ಶಾಲೆಯ ಮೇಲೆ ನಗರಪಾಲಿಕೆಯ ತೆರಿಗೆ ಹೆಚ್ಚಾಯಿತು. ಆ ಹೊರೆಗಾಗಿ ತಿಂಗಳಿಗೆ 1,500 ರೂಪಾಯಿ ಕೊಡಿರೆಂದು ಆಡಳಿತ ಮಂಡಳಿ ನೌಕರರಿಗೆ ಹೇಳಿತು. ಒಪ್ಪದ ಶಿಕ್ಷಕಿಗೆ ಮೆಮೊ, ಅಮಾನತು, ಕೊನೆಗೆ ವಜಾ. 2013ರಲ್ಲಿ ಸುಪ್ರೀಂ ಕೋರ್ಟ್ ಆಕೆಗೆ ಪೂರ್ಣ ಹಿಂಬಾಕಿ ವೇತನ ಕೊಡಿಸಿತು. ನಮ್ಮ ಕೋಲಾರದ ಚಿನ್ನದ ಗಣಿಯ ಅಧಿಕಾರಿಯೊಬ್ಬರನ್ನು ಜೀವನಾಧಾರ ಭತ್ಯೆ ಕೊಡದೆ ಅಮಾನತಿನಲ್ಲಿಟ್ಟು, ಅವರ ಗೈರಿನಲ್ಲೇ ವಿಚಾರಣೆ ಮುಗಿಸಿದ್ದರು. 1999ರಲ್ಲಿ ಅದೂ ನ್ಯಾಯಾಲಯದಲ್ಲಿ ನಿಲ್ಲಲಿಲ್ಲ.

ತಪ್ಪು ಮಾಡಿದವರನ್ನು ಶಿಕ್ಷಿಸಬೇಡವೇ? ಖಂಡಿತ ಶಿಕ್ಷಿಸಿ. ಪಾಠ ಬಿಟ್ಟು ಟ್ಯೂಷನ್ ನಡೆಸುವವರು, ಮಕ್ಕಳ ಮೇಲೆ ಕೈ ಮಾಡುವವರು ನಮ್ಮಲ್ಲೂ ಇದ್ದಾರೆ. ಆದರೆ ವಿಚಾರಣೆಯಿಲ್ಲದ ಶಿಕ್ಷೆ ಕೋರ್ಟಿನಲ್ಲಿ ಬಿದ್ದುಹೋದಾಗ ನಿಜವಾದ ತಪ್ಪಿತಸ್ಥನೂ ಗೆದ್ದು ಬರುತ್ತಾನೆ. ಆಗ ಹಿಂಬಾಕಿ ಕಟ್ಟುವುದು ಯಾರ ಹಣದಿಂದ? ಭಕ್ತರ ಕಾಣಿಕೆಯಿಂದ, ಮಕ್ಕಳ ಶುಲ್ಕದಿಂದ.

ಆಯ್ದಕ್ಕಿ ಲಕ್ಕಮ್ಮನನ್ನು ನೆನೆಯಿರಿ. ಗಂಡ ಮಾರಯ್ಯ ಅಗತ್ಯಕ್ಕಿಂತ ಹೆಚ್ಚು ಅಕ್ಕಿ ಆಯ್ದು ತಂದಾಗ, ಹೆಚ್ಚಿನದನ್ನು ತಂದಲ್ಲಿಗೇ ಸುರಿದು ಬರಲು ಕಳಿಸಿದ ಶರಣೆ ಆಕೆ. ಆ ಮನೆಯ ದಾಸೋಹಕ್ಕೆ ಹೆಚ್ಚುವರಿ ಅಕ್ಕಿಯೇ ಸಲ್ಲಲಿಲ್ಲ. ದುಡಿದವಳ ಕೈಯಿಂದ ಕಿತ್ತ ಸಂಬಳ ನಮ್ಮ ದಾಸೋಹಕ್ಕೆ ಸಲ್ಲುವುದೇ? ಅನ್ಯಾಯವಾಗಿ ತಡೆದ ಬಡ್ತಿ ಸಂಸ್ಥೆಯ ಉಳಿತಾಯವಲ್ಲ, ಸಾಲ.

ಮಠಗಳ ಪೂಜ್ಯರಲ್ಲಿ, ಆಡಳಿತ ಮಂಡಳಿಗಳಲ್ಲಿ ನಮ್ಮ ಒತ್ತಾಯ ಇಷ್ಟೇ. ಸಂಬಳ ಮುಟ್ಟುವ ಮುನ್ನ ಲಿಖಿತ ಆರೋಪ ಪಟ್ಟಿ ಕೊಡಿ. ಮಂಡಳಿಗೆ ಸೇರದವರಿಂದ ವಿಚಾರಣೆ ನಡೆಸಿ. ಅಮಾನತಾದವರಿಗೆ ತಿಂಗಳು ತಪ್ಪದೆ ಭತ್ಯೆ ಕೊಡಿ. ಆದೇಶದಲ್ಲಿ ಕಾರಣ ಬರೆಯಿರಿ, ಮಠದೊಳಗೇ ಒಂದು ಮೇಲ್ಮನವಿಯ ಅವಕಾಶವಿರಲಿ. ಅದಾದ ಮೇಲೂ ಒಬ್ಬರು ಕೋರ್ಟಿಗೆ ಹೋದರೆ ಅವರನ್ನು ದ್ರೋಹಿ ಎನ್ನಬೇಡಿ. ಸರ್ಕಾರವೂ 94ನೇ ಕಲಮಿಗೆ ವೇತನ ದಂಡನೆಯನ್ನು ಸ್ಪಷ್ಟವಾಗಿ ಸೇರಿಸಲಿ.

ಮುಂದಿನ ಬಸವ ಜಯಂತಿಗೆ ಭಾಷಣಕಾರರನ್ನು ಕರೆಯುವ ಮುನ್ನ ಈ ನಿಯಮಗಳು ಶಿಕ್ಷಕರ ಕೊಠಡಿಯ ಗೋಡೆಯ ಮೇಲೆ ಇರಲಿ.